ಜಾಲಿಮುಳ್ಳು ಹಾಕಿದ ಪದ

ಆಳಂದ ಬಸ್ ನಿಲ್ದಾಣದಲ್ಲಿ ಜಿಡಗಾ ಬಸ್ಸಿಗೆ ಕಾಯುತ್ತಿದ್ದ ಮಹಾನಂದಾಳ ಪಕ್ಕದಲ್ಲೇ, ತಾಳದ ಚೀಲ ಹಿಡಿದ ಗಂಡಸೊಬ್ಬ ತತ್ವಪದ ಗುನುಗುತ್ತಿದ್ದ. ಎದುರಿನ ಬೆಂಚಿನ ಹೆಂಗಸು ತಟ್ಟನೆ ತಲೆಯೆತ್ತಿದಳು.

“ಈ ಪದ ಎಲ್ಲಿ ಕಲ್ತ್ರಿ?”

“ನೆಟ್‌ನಾಗ್ರಿ. ಮೊದಲ ಒಂದು ಫೋರಂ ಇತ್ತು. ‘ಜಾಲಿಮುಳ್ಳು’ ಅಂತ ಹೆಸರಿಟ್ಕೊಂಡು ಯಾರೋ ಫೈಲ್ ಹಾಕಿದ್ರು. ನಮ್ಮ ಭಜನಾ ಮಂಡಳಿ ಪೂರಾ ಅದನ್ನ ಕೇಳೇ ಕಲ್ತದ.”

“ನಡುವ ‘ಎಮ್ಮಿ ಹಗ್ಗ ಹರಕೊಂಡದ’ ಅಂತ ಬರ್ತದಲ್ಲ?”

“ಅದೇ ನೋಡ್ರಿ ಜೀವಾಳ! ಎಮ್ಮಿ ಅಂದ್ರ ಮನಸ್ಸು, ಹಗ್ಗ ಅಂದ್ರ ಆಸಿ. ಹಗ್ಗ ಅಂದ್ರ ಗುರು ಅಂದವ್ರ ಕೂಡ, ಅದೇ ಫೋರಂನಾಗ ಮುಖ ನೋಡ್ಲಾರದೇ ತಿಂಗಳಗಟ್ಲೆ ಜಗಳಾಡೇನಿ.”

ಹೆಂಗಸು ಸೆರಗು ಬಾಯಿಗೊತ್ತಿಕೊಂಡು ನಕ್ಕಳು.

“ಜಾಲಿಮುಳ್ಳು ನಾನೇರಿ. ಹಾಡಿದಾಂವ ನಮ್ಮಪ್ಪ. ರೆಕಾರ್ಡ್ ಮಾಡೂವಾಗ ನಮ್ಮ ಎಮ್ಮಿ ಖರೇನೇ ಹಗ್ಗ ಹರಕೊಂಡಿತ್ತು. ಅವ್ವ ಹಂಗಂತ ಒದರಿದ್ದು ರೆಕಾರ್ಡಿನಾಗ ಬಂದಬಿಡ್ತು.”

“ಅಯ್ಯಯ್ಯ! ಆ ಸಾಲು ನಾವು ಕಣ್ಣು ಮುಚ್ಚಿ ಮೂರು ಸಲ ಹಾಡ್ತೇವಲ್ರಿ! ಇನ್ನ ಬಿಟ್ಟಬಿಡ್ತೇವಿ.”

“ಬಿಡಬ್ಯಾಡ್ರಿ. ಅಪ್ಪನ ಸಂಗಾಟ ಅವ್ವ ಹಾಡಿದ್ದು ಅದೊಂದೇ ಸಾಲು.”

ಅಫಜಲಪುರದ ಬಸ್ಸು ಬಂತು. ಇಬ್ಬರೂ ನಗುತ್ತಲೇ ಹತ್ತಿದರು. ಬಸ್ಸು ತಿರುಗುವಾಗ, ಕೆಳಗೇ ಉಳಿದ ಮಹಾನಂದಾಳಿಗೆ ಕಿಟಕಿಯಿಂದ ತಾಳದ ಸದ್ದು ಕೇಳಿಸಿತು. ಅದರ ಹಿಂದೆಯೇ, ಎರಡು ದನಿಯಲ್ಲಿ, ಎಮ್ಮೆ ಮತ್ತೊಮ್ಮೆ ಹಗ್ಗ ಹರಿದುಕೊಂಡಿತು.