ಗಡಿಕಲ್ಲಿನ ಹೊಂಡ
ಬಹ್ರೇನಿನ ಹಿದ್‌ಗೆ ಹೋಗುವ ಬಸ್ಸಿನ ಕ್ಯೂನಲ್ಲಿ ಗಿರಿಧರನ ಮುಂದೆ ಕರಾವಳಿಯ ಒಬ್ಬ ಗಂಡಸು, ಒಬ್ಬ ಹೆಂಗಸು ನಿಂತಿದ್ದರು. ಹೆಂಗಸಿನ ತಮ್ಮನಿಗೆ ಊರಿನ ನ್ಯಾಷನಲ್ ಪಾರ್ಕಿನೊಳಗೆ ಯಾರೋ ಕತ್ತಿಯಲ್ಲಿ ಕಡಿದಿದ್ದರೆಂದು ಕೇಳಿದ ಮೇಲೆ ಗಿರಿಧರನ ಕಿವಿ ಅಲ್ಲೇ ನಿಂತಿತು.

"ಕಡಿದವ ಯಾರೆಂದು ಗೊತ್ತುಂಟಲ್ಲ ಜಯಶೀಲಾ, ಮತ್ತೆ ಕೇಸು ಯಾಕಿಲ್ಲ?"

"ಜಾಗ ಯಾರದ್ದೆಂದು ಗೊತ್ತಿಲ್ಲಂತೆ ಮುಂಡಪ್ಪಣ್ಣ. ಘಟ್ಟದ ಕೆಳಗಿನ ಠಾಣೆಯವರು ಅದು ಮೇಲಿನ ಜಿಲ್ಲೆ ಹೇಳ್ತಾರೆ, ಮೇಲಿನವರು ಕೆಳಗಿನದ್ದು ಹೇಳ್ತಾರೆ."

"ಫಾರೆಸ್ಟಿನವರು?"

"ಮರ ಕಡಿದ್ರೆ ನಮ್ಮದು, ಮನುಷ್ಯನನ್ನು ಕಡಿದ್ರೆ ನಮ್ಮದಲ್ಲಂತೆ."

"ಅಲ್ಲಿ ಗಡಿಕಲ್ಲು ಇಲ್ವಾ ಮಾರಾಯ್ತಿ?"

"ಕಲ್ಲು ಇದ್ದ ಹೊಂಡ ಮಾತ್ರ ಉಂಟಂತೆ. ಕಲ್ಲು ಸಿಗುವವರೆಗೆ ಕಡಿದವ ಪೇಟೆಯಲ್ಲಿ ತಿರುಗುವುದು, ತಮ್ಮ ಆಸ್ಪತ್ರೆಯಲ್ಲಿ ಮಲಗುವುದು."

"ಅಷ್ಟು ಭಾರದ್ದನ್ನು ಯಾರು ಹೊತ್ತುಕೊಂಡು ಹೋಗ್ತಾರೆ?"

ಜಯಶೀಲಾ ಹಿಂದೆ ಮುಂದೆ ನೋಡಿ ದನಿ ತಗ್ಗಿಸಿದಳು.

"ಹೋದ ವರ್ಷ ತಮ್ಮನೇ ಅಮ್ಮನಿಗೆ ಬಟ್ಟೆ ಒಗೀಲಿಕ್ಕೆ ಒಂದು ಕಲ್ಲು ತಂದು ಹಾಕಿದ್ದ. ಅದರಲ್ಲಿ ಎಂತದೋ ನಂಬರುಂಟು."

"ಅಯ್ಯೋ! ಕಲ್ಲು ಸಿಕ್ಕಿತೆಂದು ಪೊಲೀಸರಿಗೆ ಹೇಳು!"

"ಹೇಳಿದ್ರೆ ತಮ್ಮನ ಮೇಲೆ ಕಲ್ಲು ಕದ್ದ ಕೇಸು ಬೀಳ್ತದೆ. ಅದು ಯಾರ ಕೇಸೆಂದು ಫಾರೆಸ್ಟಿನವರಿಗೆ ಸರೀ ಗೊತ್ತುಂಟು."

ಬಸ್ಸು ಬಂತು. ಮುಂಡಪ್ಪ ಹತ್ತಿದ. ಮೆಟ್ಟಿಲ ಮೇಲೆ ಕಾಲಿಟ್ಟು ಅವಳು ಕೇಳಿದಳು:

"ಹಾಗಾದ್ರೆ ಹೇಳುವುದಾ, ಬಟ್ಟೆ ಒಗೆಯುವುದಾ?"