ಸಂಯುಗ್ಮನ ಎಂದು ಮೇಡಂ ಬರೆಯಲಿಲ್ಲ

ಎಲ್ಲರಿಗೂ ನಮಸ್ಕಾರ.

ಮೇಡಂ ಅವರ ಯಜಮಾನರಿಗೆ, ಮಗಳಿಗೆ, ಅಷ್ಟು ದೂರದಿಂದ ಬಂದಿರುವ ಅವರ ಅಕ್ಕನವರಿಗೆ, ಆಸ್ಪತ್ರೆಯ ಹಿರಿಯರಿಗೆ, ನನ್ನ ಪ್ರಯೋಗಾಲಯದ ಗೆಳೆಯ ಗೆಳತಿಯರಿಗೆ ನಮಸ್ಕಾರ. ಈಗ ಹೇಳಹೊರಟಿರುವುದನ್ನು ಹೇಳದೆಯೇ ಕೂತುಬಿಡೋಣ ಎಂದುಕೊಂಡಿದ್ದೆ. ಮನೆಯಲ್ಲಿ ಬರೆದುಕೊಂಡ ಭಾಷಣದಲ್ಲಿ ಇದು ಇರಲೂ ಇಲ್ಲ. ಬೆಳಗ್ಗೆ ಕುರ್ಚಿ ಹಾಕಿಸಲು ಬಂದಾಗ ನನ್ನ ಹಿಂದೆ ಕಟ್ಟಿರುವ ಈ ಬ್ಯಾನರ್ ಓದಿದೆ. ಓದಿ, ಬರೆದುಕೊಂಡಿದ್ದ ಭಾಷಣವನ್ನು ಮಡಚಿ ಚೀಲದೊಳಗಿಟ್ಟೆ.

ದಯವಿಟ್ಟು ನೀವೂ ಒಮ್ಮೆ ಓದಿ. ಭಾವಚಿತ್ರದ ಕೆಳಗಿನ ಸಾಲು. "ಆಸ್ಪತ್ರೆಯ ಬ್ಯಾಕ್ಟೀರಿಯಾಗಳಲ್ಲಿ ಸಂಯುಗ್ಮನವನ್ನು ಸಾಬೀತುಪಡಿಸಿದ ವಿಜ್ಞಾನಿ."

ಆ ಸಾಲು — ಮೇಡಂ ಒಪ್ಪಿದ ಸಾಲಲ್ಲ.

ಬ್ಯಾನರ್ ಮಾಡಿಸಿದವರ ಮೇಲೆ ನನಗೆ ಯಾವ ಬೇಸರವೂ ಇಲ್ಲ. ಪ್ರೀತಿಯಿಂದ ಮಾಡಿಸಿದ್ದಾರೆ. ಆ ಪದ ಅವರಿಗೆ ಸಿಕ್ಕಿದ್ದು ನನ್ನ ಬಾಯಿಂದಲೇ ಇರಬೇಕು, ಅದನ್ನು ಇಡೀ ವರ್ಷ ಕಾರಿಡಾರಿನಲ್ಲಿ ಹೇಳಿಕೊಂಡು ಓಡಾಡಿದವಳು ನಾನೇ. ಶ್ರದ್ಧಾಂಜಲಿ ಸಭೆಯಲ್ಲಿ ನಿಂತು ಬ್ಯಾನರ್ ತಿದ್ದುವುದು ಸಣ್ಣತನವೇ ಎಂದು ನನ್ನನ್ನೇ ಕೇಳಿಕೊಂಡೆ. ಇರಬಹುದು. ಆದರೂ ಹೇಳುತ್ತೇನೆ. ಯಾಕೆ ಎನ್ನುವುದು ಗೊತ್ತಾಗಬೇಕಾದರೆ ಮೊದಲು ಆ ಪದ ಏನು ಎಂದು ಹೇಳಬೇಕು, ಮತ್ತು ಅದನ್ನು ಹೇಳಲು ನನಗೆ ಮೇಡಂ ಅವರ ದಾರಿ ಬಿಟ್ಟರೆ ಬೇರೆ ದಾರಿ ಗೊತ್ತಿಲ್ಲ.

ನಾನು ಓದಿದ್ದೆಲ್ಲ ಇಂಗ್ಲಿಷಿನಲ್ಲಿ. ಅಲ್ಲಿ ಸಂಯುಗ್ಮನಕ್ಕೆ ಕಾಂಜುಗೇಷನ್ ಎನ್ನುತ್ತಾರೆ, ಅದರ ಬಗ್ಗೆ ಪರೀಕ್ಷೆಯಲ್ಲಿ ಅರ್ಧ ಪುಟ ಬರೆಯುವಷ್ಟು ಬರುತ್ತಿತ್ತು. ಕೆಲಸಕ್ಕೆ ಸೇರಿದ ಹೊಸತರಲ್ಲಿ ಮೇಡಂ ನನ್ನನ್ನು ಎಳೆಗೂಸುಗಳ ವಾರ್ಡಿಗೆ ಕರೆದುಕೊಂಡು ಹೋಗಿ, "ಇವರಿಗೆಲ್ಲ ಅದೇನು ಅಂತ ಹೇಳು" ಎಂದು ನಿಲ್ಲಿಸಿದರು. ನಮ್ಮ ಮಾತಿನಲ್ಲಿ ಹೇಳಲು ಬಾಯಿ ತೆರೆದೆ. ಇಂಗ್ಲಿಷ್ ಪದಗಳೇ ಬಂದವು. ಕೊನೆಗೆ, "ಎರಡು ಬ್ಯಾಕ್ಟೀರಿಯಾ ಒಂದಕ್ಕೊಂದು ಸೇರುತ್ತವೆ" ಎಂದೆ.

ಅಲ್ಲೇ ಕೂತಿದ್ದ ದೊಡ್ಡ ಸಿಸ್ಟರ್ — ಇಲ್ಲೇ ಎರಡನೇ ಸಾಲಿನಲ್ಲಿದ್ದಾರೆ, ಈಗಲೂ ನಗುತ್ತಿದ್ದಾರೆ ನೋಡಿ — ಬಾಯಿಗೆ ಕೈ ಅಡ್ಡ ಹಿಡಿದು ಕೇಳಿದರು. "ಅಯ್ಯೋ, ಅವಕ್ಕೂ ಮದುವೆನಾ ಮೇಡಂ?"

ವಾರ್ಡಿಗೆ ವಾರ್ಡೇ ನಕ್ಕಿತು. ಮೇಡಂ ನಗಲಿಲ್ಲ. "ಮದುವೆ ಎಲ್ಲಿ ಬಂತಮ್ಮಾ? ಇಬ್ಬರು ಸೇರಿದ್ರು, ಇಬ್ಬರೇ ವಾಪಸ್ ಬಂದ್ರು. ಮಗುವೂ ಇಲ್ಲ, ಮರಿಯೂ ಇಲ್ಲ."

"ಮತ್ತೆ ಯಾವ ಭಾಗ್ಯಕ್ಕೆ ಸೇರಿದ್ದು?"

"ಮಾದರಿ ನಕಲು ಮಾಡ್ಕೊಳ್ಳೋಕೆ."

ಆಮೇಲೆ ಅವರು ಕೊಟ್ಟ ಉದಾಹರಣೆ ಇಲ್ಲಿ ಎಷ್ಟೋ ಜನ ಕೇಳಿರುತ್ತೀರಿ. ಅವರ ಯಜಮಾನರು ದರ್ಜಿ ಎಂಬುದು ನಿಮಗೆಲ್ಲ ಗೊತ್ತು, ನಮ್ಮ ಅರ್ಧ ಆಸ್ಪತ್ರೆಯ ಬಿಳಿ ಕೋಟು ಹೊಲಿದವರು ಅವರೇ. ಅಂಗಿಯ ಬಟ್ಟೆ ಕತ್ತರಿಸುವ ಮೊದಲು ದರ್ಜಿಗಳು ಕಾಗದದಲ್ಲಿ ಒಂದು ಮಾದರಿ ಕತ್ತರಿಸಿಟ್ಟುಕೊಳ್ಳುತ್ತಾರಲ್ಲ, ಅದು ವಂಶವಾಹಿ ಎಂದುಕೊಳ್ಳಿ ಎನ್ನುತ್ತಿದ್ದರು ಮೇಡಂ. ಇದು ಔಷಧಕ್ಕೆ ಜಗ್ಗದಂಥ ಒಂದು ಅಂಗಿಯ ಮಾದರಿ. ಒಬ್ಬ ದರ್ಜಿಯ ಹತ್ತಿರ ಇದೆ, ಇನ್ನೊಬ್ಬನ ಹತ್ತಿರ ಇಲ್ಲ. ಇಲ್ಲದವನಿಗೆ ಅದು ಹೇಗೆ ಸಿಗುತ್ತದೆ?

ಒಂದು — ಅಂಗಡಿ ಮುಚ್ಚಿ ಹೋದ ಯಾರೋ ದರ್ಜಿಯ ಕಾಗದ ಬೀದಿಯಲ್ಲಿ ಬಿದ್ದಿರುತ್ತದೆ, ಇವನು ಹೆಕ್ಕಿಕೊಳ್ಳುತ್ತಾನೆ. ಸತ್ತ ಬ್ಯಾಕ್ಟೀರಿಯಾದಿಂದ ಚೆಲ್ಲಿದ್ದನ್ನು ಬದುಕಿರುವ ಬ್ಯಾಕ್ಟೀರಿಯಾ ಎತ್ತಿಕೊಳ್ಳುವುದು ಹೀಗೆ. ಇನ್ನೊಂದು — ಬೇರೆ ಯಾವುದೋ ಪಾರ್ಸೆಲ್ಲಿನಲ್ಲಿ ಕಾಗದ ತಪ್ಪಿ ಬಂದು ಕೈ ಸೇರುತ್ತದೆ. ಬ್ಯಾಕ್ಟೀರಿಯಾಕ್ಕೂ ವೈರಸ್ ಹತ್ತುತ್ತದೆ, ಒಂದರಿಂದ ಇನ್ನೊಂದಕ್ಕೆ ಹೋಗುವಾಗ ಆ ವೈರಸ್ಸೇ ತುಂಡು ಹೊತ್ತು ತರುತ್ತದೆ. ಮತ್ತೊಂದು — ಇಬ್ಬರೂ ದರ್ಜಿಗಳು ಬದುಕಿದ್ದಾರೆ, ಅಕ್ಕಪಕ್ಕ ಕೂತಿದ್ದಾರೆ, ಮೊಣಕೈಗೆ ಮೊಣಕೈ ತಾಗುತ್ತಿದೆ, ಇದ್ದವನದನ್ನು ನೋಡಿ ಇಲ್ಲದವನು ಒಂದು ಪ್ರತಿ ಕತ್ತರಿಸಿಕೊಳ್ಳುತ್ತಾನೆ. ಕೊಟ್ಟವನದು ಕೊಟ್ಟವನ ಹತ್ತಿರವೇ ಉಳಿಯುತ್ತದೆ. ಈ ಕೊನೆಯದಕ್ಕೆ ಮಾತ್ರ ಸಂಯುಗ್ಮನ ಎಂದು ಹೆಸರು. ಬದುಕಿರುವ ಎರಡು, ಒಂದನ್ನೊಂದು ಮುಟ್ಟಿರಬೇಕು. ಮುಟ್ಟದೆ ಆದದ್ದಕ್ಕೆ ಆ ಹೆಸರು ಸಲ್ಲದು.

ಈ ಪಾಠದ ಸುದ್ದಿ ಅಂಗಡಿಗೂ ಮುಟ್ಟಿತ್ತು. ಯಜಮಾನರು ಒಮ್ಮೆ ನನ್ನ ಕೋಟಿನ ಅಳತೆ ತೆಗೆಯುತ್ತಾ, "ನಮ್ಮನೆಯೋಳು ನನ್ನ ಕಸುಬನ್ನ ಕೀಟಾಣುಗಳಿಗೆ ಕಲಿಸ್ತಿದ್ದಾಳಂತಲ್ಲಮ್ಮ. ನಾಳೆ ಅವೇ ಎದುರುಗಡೆ ಅಂಗಡಿ ಹಾಕಿದ್ರೆ ನನ್ನ ಗತಿಯೇನು?" ಎಂದಿದ್ದರು.

ಈಗ ಕೆಲಸದ ವಿಷಯಕ್ಕೆ ಬರುತ್ತೇನೆ.

ಎಳೆಗೂಸುಗಳ ವಾರ್ಡಿನಲ್ಲಿ ಕೈ ತೊಳೆಯುವ ತೊಟ್ಟಿಯ ಕೊಳವೆಯೊಳಗೆ ನಮಗೆ ಒಂದು ಬ್ಯಾಕ್ಟೀರಿಯಾ ಸಿಕ್ಕಿತು. ದೊಡ್ಡ ದೊಡ್ಡ ಔಷಧಕ್ಕೂ ಬಗ್ಗದ್ದು. ಅದೇ ವಾರ್ಡಿನ ಕೂಸುಗಳ ರಕ್ತದಲ್ಲಿ ಇನ್ನೊಂದು ಸಿಕ್ಕಿತು. ಜಾತಿಯೇ ಬೇರೆ, ಆದರೆ ಅದೇ ಔಷಧಗಳಿಗೆ ಬಗ್ಗದ್ದು. ಇಬ್ಬರು ದರ್ಜಿಗಳು, ಒಂದೇ ಅಂಗಿ. ಕೂಸುಗಳು ಹುಷಾರಾಗಿ ಮನೆಗೆ ಹೋದವು. ನಮ್ಮ ತೊಟ್ಟಿಗಳನ್ನು ಮೇಡಂ ನಿಂತು ಕೀಳಿಸಿದರು. ಆದರೆ ಅದೇ ನಮೂನೆಯ ತೊಟ್ಟಿಗಳು ನಮ್ಮ ಸಂಸ್ಥೆಯ ಉಳಿದ ಆಸ್ಪತ್ರೆಗಳಲ್ಲಿ ಇನ್ನೂ ಇವೆ. ಸಹಿ ಮಾಡಿದ ವರದಿ ಬಾರದೆ ಅವರು ಕೀಳುವುದಿಲ್ಲ.

ವರದಿ ಬರೆಯಲು ಕೂತವಳು ನಾನು. ಶೀರ್ಷಿಕೆಯಲ್ಲೇ ಹಾಕಿದೆ: ಸಂಯುಗ್ಮನ. ಮೇಡಂ ಒಂದೇ ಗೆರೆಯಲ್ಲಿ ಹೊಡೆದುಹಾಕಿದರು.

"ಮುಟ್ಟಿದ್ದು ನೋಡಿದ್ಯಾ?"

"ಇನ್ನೇನಾಗಿರೋಕೆ ಸಾಧ್ಯ ಮೇಡಂ? ನೂರಕ್ಕೆ ತೊಂಬತ್ತು ಸಲ ಅದೇ ತಾನೇ?"

"ಮಿಕ್ಕಿದ ಹತ್ತು ಸಲಾನ ನಿನ್ನ ಜೇಬಿಗೆ ಹಾಕ್ಕೊಂಡ್ಯಾ? ತಟ್ಟೆ ಹಾಕು."

ತಟ್ಟೆ ಎಂದರೆ ನಾವು ಬ್ಯಾಕ್ಟೀರಿಯಾ ಬೆಳೆಸುವ, ಅಂಗೈಯಗಲದ ಮುಚ್ಚಳದ ತಟ್ಟೆ. ಮಾತಿಗೆ ಮೊದಲು ತಟ್ಟೆ ಎನ್ನುತ್ತಿದ್ದುದಕ್ಕೇ ಅವರಿಗೆ ತಟ್ಟೆ ಮೇಡಂ ಎಂದು ಹೆಸರು ಬಿದ್ದದ್ದು. ಔಷಧ ಬೆರೆಸಿದ ತಟ್ಟೆಗಳನ್ನು ಸಾಲಾಗಿ ಇಟ್ಟೆ. ಕೊಳವೆಯ ಬ್ಯಾಕ್ಟೀರಿಯಾ ತಾನೇ ಬೆಳೆದು ತಟ್ಟೆ ತುಂಬದಂತೆ, ಅದನ್ನು ಮಾತ್ರ ತಡೆಯುವ ಇನ್ನೊಂದು ವಸ್ತುವನ್ನೂ ಬೆರೆಸಿದ್ದೆ. ಒಂದರಲ್ಲಿ ಕೊಳವೆಯ ಬ್ಯಾಕ್ಟೀರಿಯಾವನ್ನೂ, ಔಷಧ ತಗುಲಿದರೆ ಸಾಯುವ ಇನ್ನೊಂದನ್ನೂ ಜೊತೆಗೂಡಿಸಿ ಹಾಕಿದೆ. ಮತ್ತೊಂದರಲ್ಲಿ ಆ ಸಾಯುವುದೊಂದನ್ನೇ. ಕೊನೆಯದರಲ್ಲಿ ಸಾಯುವುದರ ಜೊತೆಗೆ ಕೊಳವೆಯ ಬ್ಯಾಕ್ಟೀರಿಯಾ ಇದ್ದ ದ್ರವವನ್ನು ಮಾತ್ರ, ಬ್ಯಾಕ್ಟೀರಿಯಾ ಒಂದೂ ದಾಟದಂಥ ಜಾಲರಿಯಲ್ಲಿ ಸೋಸಿ ಹಾಕಿದೆ. ಅಂದರೆ ಕೊಡುವವನು ಅಲ್ಲಿಲ್ಲ, ಅವನು ಮುಳುಗೆದ್ದ ನೀರು ಮಾತ್ರ ಇದೆ. ಮುಟ್ಟಿದರೆ ಮಾತ್ರ ಹೋಗುವುದು ನಿಜವಾದರೆ ಈ ಸೋಸಿದ ತಟ್ಟೆ ಖಾಲಿ ಇರಬೇಕು.

ಜೊತೆಗೂಡಿಸಿದ ತಟ್ಟೆ ತುಂಬಿತ್ತು. ಒಂಟಿ ತಟ್ಟೆ ಖಾಲಿ. ಸೋಸಿದ ತಟ್ಟೆಯಲ್ಲಿ — ಹೀಗೆ ಬೆಳಕಿಗೆ ಹಿಡಿದೆ — ಚುಕ್ಕೆಗಳು. ಬಹಳ ಅಲ್ಲ. ಇಲ್ಲೊಂದು, ಅಲ್ಲೊಂದು.

ನಾನೊಬ್ಬಳೇ ಆಗಿದ್ದರೆ ಕಣ್ಣು ಮುಚ್ಚಿಬಿಡುತ್ತಿದ್ದೆನೋ ಏನೋ. ತಟ್ಟೆಯನ್ನು ಅವರ ಮುಂದಿಟ್ಟು, "ಜಾಲರಿ ಹರಿದಿರಬೇಕು ಮೇಡಂ" ಎಂದೆ.

"ಇರಬಹುದು. ಬೀದೀಲಿ ಬಿದ್ದಿದ್ದನ್ನ ಹೆಕ್ಕಿರಲೂಬಹುದು. ಪಾರ್ಸೆಲ್‌ನಲ್ಲಿ ಬಂದಿರಲೂಬಹುದು. ಇಬ್ಬರೂ ಪಕ್ಕದಲ್ಲಿ ಕೂತು ಕತ್ತರಿಸ್ಕೊಂಡ್ರು ಅಂತ ಹೇಳೋಕೆ ಈ ತಟ್ಟೆ ಬಿಡ್ತಿಲ್ಲ ಕಣೇ. ಇನ್ನೊಂದು ಸಲ ಮಾಡು."

ಇನ್ನೊಂದು ಸಲ ಮಾಡಿದೆ, ಹೊಸ ಜಾಲರಿ ಹಾಕಿ. ಚುಕ್ಕೆಗಳು ಕಡಿಮೆಯಾದವು, ಹೋಗಲಿಲ್ಲ.

ಅಷ್ಟರಲ್ಲಿ, ಈ ಕೆಲಸದ ಬಗ್ಗೆ ನಾವು ಬರೆದು ಕೇಳಿದ್ದ ವಿಜ್ಞಾನ ಪತ್ರಿಕೆಯ ಸಂಪಾದಕರ ಉತ್ತರ ಬಂತು. ಸಂಯುಗ್ಮನ ಎಂದು ಖಚಿತವಾಗಿ ಹೇಳಿದರೆ ಪೂರ್ಣ ಲೇಖನ, ಇಲ್ಲವಾದರೆ ಒಂದು ಸಣ್ಣ ಟಿಪ್ಪಣಿ. ಅಷ್ಟರಲ್ಲೇ ಮೇಡಂ ನಮ್ಮ ಆಸ್ಪತ್ರೆಯಲ್ಲೇ ರೋಗಿಯಾಗಿ ಮಲಗಿದರು. ನಾನು ಹಾಸಿಗೆಯ ಪಕ್ಕ ಕೂತು ಜಗಳ ಆಡಿದೆ. ಹೌದು, ಜಗಳವೇ. "ಆ ಪದ ಬೇಡ ಅಂದ್ರೆ ಬೇಡ ಮೇಡಂ. ಔಷಧಕ್ಕೆ ಬಗ್ಗದ ಗುಣ ಒಂದರಿಂದ ಇನ್ನೊಂದಕ್ಕೆ ವರ್ಗಾವಣೆ ಆಗಿದೆ, ಹೇಗೆ ಅಂತ ಗೊತ್ತಿಲ್ಲ ಅಂತ ಬರೆದು ಕಳಿಸೋಣ. ಬೇರೆ ಆಸ್ಪತ್ರೆಗಳಲ್ಲಿ ತೊಟ್ಟಿಗಳು ಹಾಗೇ ಇವೆ."

ಅವರು ಒಪ್ಪಲಿಲ್ಲ. "ಅರೆಬೆಂದದ್ದನ್ನ ಬಡಿಸಬೇಡ. ಇನ್ನೊಂದು ಸಲ ಮಾಡು," ಎಂದರು. ಅದರ ಬಗ್ಗೆ ನಮ್ಮಿಬ್ಬರ ನಡುವೆ ಮತ್ತೆ ಮಾತಾಗಲಿಲ್ಲ.

ಅವರನ್ನು ಹೊಗಳಲು ಬಂದು ನಾನು ಇದನ್ನೂ ಹೇಳಬೇಕಾಗಿದೆ. ಪದದ ವಿಷಯದಲ್ಲಿ ಮೇಡಂ ಸರಿ. ಕಾಯುವ ವಿಷಯದಲ್ಲಿ — ನನಗೆ ಹಾಗನ್ನಿಸುವುದಿಲ್ಲ. ತೊಟ್ಟಿಯ ಎದುರು ಕೂಸನ್ನು ಎತ್ತಿಕೊಂಡು ನಿಂತ ತಾಯಿಗೆ ಆ ಗುಣ ಮುಟ್ಟಿ ಹೋಯಿತೋ, ಹೆಕ್ಕಿ ಹೋಯಿತೋ ಬೇಕಾಗಿಲ್ಲ. ಹೋಯಿತು ಎಂಬುದಷ್ಟೇ ಸಾಕು. ನಾವು ತಡಮಾಡಿದ ಈ ತಿಂಗಳುಗಳಲ್ಲಿ ಬೇರೆ ಕಡೆ ಏನಾಗಿದೆಯೋ, ಆಗಿಲ್ಲವೋ, ನನಗೆ ತಿಳಿಯದು. ತಿಳಿಯದಿರುವುದೇ ನನ್ನನ್ನು ಕೊರೆಯುತ್ತಿದೆ. ಇಷ್ಟು ಎಚ್ಚರದ ಮನುಷ್ಯರು ಹೀಗೇಕೆ ಮಾಡಿದರು ಎಂದು ಬಹಳ ಯೋಚಿಸಿದೆ. ಹೆದರಿದ್ದರು ಅನ್ನಿಸುತ್ತದೆ. ತಪ್ಪಾಗಿ ಇಟ್ಟ ಹೆಸರು ಒಮ್ಮೆ ಅಚ್ಚಾದರೆ ಅದನ್ನು ನಂಬಿ ಹತ್ತು ಜನ ಇನ್ನೇನೋ ಕಟ್ಟುತ್ತಾರೆ, ಆಮೇಲೆ ಕೀಳುವುದು ತೊಟ್ಟಿ ಕಿತ್ತಷ್ಟು ಸುಲಭವಲ್ಲ. ಆ ಹೆದರಿಕೆ ನನಗೆ ಅರ್ಥವಾಗುತ್ತದೆ. ಅರ್ಥವಾದರೂ ನಾನು ಅವರ ಮಾತು ಮೀರಲಿದ್ದೇನೆ.

ಈಗ ಮಗಳಿಗೆ ಒಂದು ಮಾತು. ಅಮ್ಮಾ, ಮೊನ್ನೆ ನೀನು ನನ್ನ ಕೈ ಹಿಡಿದುಕೊಂಡು ಕೇಳಿದೆ. "ಆಂಟಿ, ಅಮ್ಮ ಇಷ್ಟು ವರ್ಷ ಆ ತಟ್ಟೆಗಳ ವಾಸನೆಯಲ್ಲೇ ಬದುಕಿದ್ಳು. ದೊಡ್ಡ ಲೇಖನ ಒಂದು ಅವಳ ಹೆಸರಲ್ಲಿ ಬರಲಿ. ಒಂದು ಪದ ತಾನೇ? ಇನ್ನು ಅಡ್ಡ ಹೊಡೆಯೋಕೆ ಅವಳೂ ಇಲ್ಲ."

ಅದಕ್ಕೆ ಈಗ ಉತ್ತರ ಕೊಡುತ್ತೇನೆ. ನೀನು ಕೇಳಿದ್ದು ತಪ್ಪಲ್ಲ. ನನಗೂ ಅದೇ ಆಸೆಯಿತ್ತು, ಲೇಖನದಲ್ಲಿ ನನ್ನ ಹೆಸರೂ ಇದೆಯಲ್ಲ. ಆದರೆ ಅಡ್ಡ ಹೊಡೆಯಲು ಅವರಿಲ್ಲ ಎಂದೆಯಲ್ಲ, ನನ್ನ ಕೈ ತಡೆದದ್ದು ಅದೇ. ಅವರಿದ್ದಾಗ ಬರೆದಿದ್ದರೆ ಜಗಳವಾಗುತ್ತಿತ್ತು, ಮುಗಿಯುತ್ತಿತ್ತು. ಈಗ ಬರೆದರೆ ಅವರು ಹೇಳದ ಮಾತನ್ನು ಅವರ ಬಾಯಲ್ಲಿ ಇಟ್ಟಂತೆ.

ನಿಮ್ಮ ತಂದೆಯವರಿಗೆ ಇವತ್ತು ಬೆಳಗ್ಗೆ ಈ ಬ್ಯಾನರ್ ತೋರಿಸಿದೆ. ಕನ್ನಡಕ ಹಾಕಿಕೊಂಡು ನಿಧಾನವಾಗಿ ಓದಿದರು. "ಅವಳಿದ್ದಿದ್ರೆ ಏಣಿ ತರಿಸಿ ತಾನೇ ಹತ್ತಿ ಅಳಿಸ್ತಿದ್ಳು," ಎಂದರು. ಕನ್ನಡಕ ತೆಗೆದು ಮಡಚುತ್ತಾ, "ಮಗು ಮನಸ್ಸು ನೋಯದ ಹಾಗೆ ಹೇಳಮ್ಮ," ಎಂದರು. ನೋಯದ ಹಾಗೆ ಹೇಳಿದೆನೋ ಇಲ್ಲವೋ ಗೊತ್ತಿಲ್ಲ.

ವರದಿ ಸಿದ್ಧವಾಗಿದೆ. ಅದರಲ್ಲಿ ವರ್ಗಾವಣೆ ಎಂದಿದೆ, ವಿಧಾನ ಖಚಿತವಾಗಿಲ್ಲ ಎಂದಿದೆ. ಸೋಸಿದ ತಟ್ಟೆಯ ಚುಕ್ಕೆಗಳನ್ನು ಮುಚ್ಚಿಟ್ಟಿಲ್ಲ. ತೊಟ್ಟಿಗಳನ್ನು ಕೂಡಲೇ ಬದಲಿಸಬೇಕು ಎಂಬುದು ಮೊದಲ ಸಾಲಿನಲ್ಲೇ ಇದೆ. ಆಡಳಿತಾಧಿಕಾರಿಗಳು ಇಲ್ಲೇ ಕೂತಿದ್ದಾರೆ, ಅವರ ಎದುರಿಗೇ ಹೇಳುತ್ತಿದ್ದೇನೆ. ಇದು ಉಳಿದ ಆಸ್ಪತ್ರೆಗಳಿಗೆ ಅಂಚೆಯಲ್ಲಿ ಹೋಗುತ್ತದೆ, ಪತ್ರಿಕೆಗೆ ಸಣ್ಣ ಟಿಪ್ಪಣಿಯಾಗಿ ಹೋಗುತ್ತದೆ. ಮೇಡಂ ಹೆಸರನ್ನು ಮೊದಲು ಬರೆದಿದ್ದೇನೆ. ಆದರೆ ಕಳಿಸಬೇಡ ಎಂದವರ ಹೆಸರನ್ನು ಕಳಿಸುವ ವರದಿಯ ಮೇಲೆ ಹಾಕಲು ನನಗೊಬ್ಬಳಿಗೇ ಅಧಿಕಾರ ಇಲ್ಲ. ಅದನ್ನು ಉಳಿಸುವುದೋ ತೆಗೆಯುವುದೋ, ಅವರ ಮಗಳಾಗಿ ನೀನು ಹೇಳಬೇಕು. ಒಂದು ಪ್ರತಿ ನಿನ್ನ ಕೈಗೆ ಕೊಡುತ್ತೇನೆ. ಕೋಪ ಇಳಿದ ಮೇಲೆ ಓದು. ಇಳಿಯದಿದ್ದರೂ ಓದು.

ಎಲ್ಲರೂ ದಯವಿಟ್ಟು ಎದ್ದು ನಿಲ್ಲಿ. ಗಡಿಯಾರ ನೋಡುವುದು ಬೇಡ. ಮೇಡಂ ಅವರ ಯಜಮಾನರು ಕುಳಿತಾಗ ನಾವೂ ಕುಳಿತುಕೊಳ್ಳೋಣ, ಅಲ್ಲಿಯವರೆಗೆ ಮೌನವಾಗಿ ಅವರನ್ನು ನೆನೆಯೋಣ.

ಹೆಸರಿನ ವಿಷಯ ಅಷ್ಟರೊಳಗೆ ಹೇಳಲಿ ಎಂದು ಮಗಳಿಗೆ ದಿನವನ್ನೂ ಈಗಲೇ ತಿಳಿಸಿಬಿಡುತ್ತೇನೆ. ನಾನು ಅಂಚೆಗೆ ಹಾಕುವುದು ಇದೇ ತಿಂಗಳ ಹದಿನೇಳು, ಸೋಮವಾರ.