ಮೆಟ್ಟಿಲ ಮೇಲೆ ಕೇಳದ ಮೆಸೇಜು

“ಹಲೋ, ಯಾರು ಮಾತಾಡೋದು?... ಪುಟ್ಟೀ, ನೀನಾ? ಇದು ಯಾರ ನಂಬರು?... ಬಿಲ್ಡಿಂಗ್ ಓನರ್‌ದಾ? ಕೆಳಗೆ ಅವರ ಆಫೀಸಲ್ಲಿದೀಯಾ?... ಹಾಂ, ಗೊತ್ತಾಯ್ತು ಬಿಡು.”

ತಂಗಿಯ ಫೋನ್ ಬಂದರೆ ಅರಳುತ್ತಿದ್ದ ಅಕ್ಕನ ಮುಖ ಇವತ್ತು ಸುಟ್ಟ ಬದನೆಕಾಯಿಯಾಗಿತ್ತು. ಅವಳೇ ಕಟ್ಟಿ, ತಂಗಿಯನ್ನೂ ಸೇರಿಸಿಕೊಂಡು ನಡೆಸುತ್ತಿದ್ದ ಡ್ಯಾನ್ಸ್ ಕ್ಲಾಸು ಅದು. ಹಾಲ್‌ನಲ್ಲಿ ಸಾಲಾಗಿ ನಿಂತ ಹೆಂಗಸರು ನೀರಿನ ಬಾಟಲಿಯ ಮುಚ್ಚಳ ತಿರುಗಿಸುತ್ತ, ಏನೂ ಕೇಳದವರ ಹಾಗೆ ನಟಿಸುತ್ತಿದ್ದರು. ಕಿವಿಯೆಲ್ಲ ಇತ್ತಲೇ ಇತ್ತು, ಇರದೆ ಏನು!

...

“ಏನು, ನಿನ್ನ ಫೋನ್ ಕೆಟ್ಟಿದೆಯಾ? ಶಬ್ದಾನೇ ಬರ್ತಿಲ್ವಾ?... ಕೆಟ್ಟಿಲ್ಲ ಕಣೇ. ಶಬ್ದ ಚೆನ್ನಾಗೇ ಬರ್ತಿದೆ. ಇಲ್ಲಿ ಬರ್ತಿದೆ.”

...

“ಇಲ್ಲಿ ಅಂದ್ರೆ ಇಲ್ಲೇ, ಹಾಲ್‌ನಲ್ಲಿ! ನಮ್ಮ ಹಳೇ ಆಂಪ್ಲಿಫೈಯರ್ ಹಿಂದೆ ನೀನೇ ಬ್ಲೂಟೂತ್ ಡಬ್ಬಿ ಸಿಕ್ಕಿಸಿದ್ಯಲ್ಲ? ‘ಅಕ್ಕಾ, ಇನ್ನು ವೈರು ಕಾಲಿಗೆ ತೊಡರಲ್ಲ, ಫೋನ್ ಕೈಯಲ್ಲಿ ಹಿಡ್ಕೊಂಡು ಎಲ್ಲಿ ಬೇಕಾದ್ರೂ ಓಡಾಡಬಹುದು’ ಅಂದ್ಯಲ್ಲ? ನೀನೇ ಓಡಾಡಿದೆ. ಹಾಡು ನಿಲ್ಸಿ ಮೆಟ್ಟಿಲ ಹತ್ರ ಹೋಗಿ ಓನರ್ ಕಳಿಸಿದ ವಾಯ್ಸ್ ಮೆಸೇಜ್ ಹಾಕಿದೆ. ಫೋನು ಇನ್ನೂ ಡಬ್ಬಿಗೆ ಅಂಟ್ಕೊಂಡೇ ಇತ್ತು ಪುಟ್ಟೀ!”

...

“ಕೇಳಿಸ್ತಿಲ್ಲ ಅಂತ ಮತ್ತೆ ಹಾಕಿದೆ, ಅಲ್ವಾ?... ಅಲ್ವಾ?... ನೀನು ವಾಲ್ಯೂಮ್ ಏರಿಸಿದಷ್ಟೂ ಇಲ್ಲಿ ಕಿಟಕಿ ಗಾಜು ಅದುರ್ತಿತ್ತು.”

...

“ಏನಿತ್ತಾ? ಅಯ್ಯೋ ಪಾಪ, ನಿನಗೇ ಇನ್ನೂ ಗೊತ್ತಿಲ್ವಾ? ಪಕ್ಕದಲ್ಲೇ ಇದ್ದಾನಲ್ಲ ಆ ಓನರ್, ಅವನು ಹೇಳಿಲ್ವಾ? ನಾನೇ ಹೇಳ್ತೀನಿ ಕೇಳು. ‘ಬರೋ ತಿಂಗಳಿಂದ ಹಾಲ್ ನಿಮ್ಮೊಬ್ಬರ ಹೆಸರಿಗೇ ಮಾಡಿದೀನಿ. ನೀವು ಹೇಳಿದ ಹಾಗೆ ಅಕ್ಕನ ಮಂಡಿ ಹೋಗಿದೆ, ಇನ್ನು ಕಲಿಸೋಕಾಗಲ್ಲ. ಅವರಿಗೆ ಆಮೇಲೆ ಹೇಳಿದ್ರಾಯ್ತು.’”

...

“ಹೂಂ, ಎಲ್ಲರೂ ಕೇಳಿದ್ರು. ಮುಂದಿನ ಸಾಲಿನ ನರ್ಸಮ್ಮ ನನ್ನ ಮಂಡಿ ನೋಡಿದ್ರು, ಆಮೇಲೆ ಗೋಡೆ ನೋಡಿದ್ರು. ಭೂಮಿ ಬಾಯಿ ಬಿಟ್ಟು ನನ್ನ ನುಂಗಬಾರದಾ ಅನ್ನಿಸ್ತು.”

ಆಚೆಯಿಂದ ಏನೇನೋ ಸಮಜಾಯಿಷಿ ಬರುತ್ತಲೇ ಇತ್ತು. ಬೇರೆ ಯಾರಾದರೂ ಆಗಿದ್ದರೆ ಅಕ್ಕ ಹಿಗ್ಗಾಮುಗ್ಗಾ ಬೈದು ಕೈತೊಳೆದುಕೊಳ್ಳುತ್ತಿದ್ದಳು.

“ಏನಂದೆ?... ನಾನೂ ಬರ್ತಾ ಇರಬಹುದಾ? ಕುರ್ಚೀಲಿ ಕೂತು ಚಪ್ಪಾಳೆ ತಟ್ಲಾ?... ಸಂಬಳ ಬೇರೆ ಕೊಡ್ತೀಯಾ? ನಾನು ಕಟ್ಟಿದ ಕ್ಲಾಸಲ್ಲಿ ನನಗೇ ಸಂಬಳಾನಾ? ಕೈ ಹಿಡಿದು ಹೆಜ್ಜೆ ಕಲಿಸಿದ್ದಕ್ಕೆ ಚೆನ್ನಾಗಿ ಬೆನ್ನಿಗೆ ಚೂರಿ ಹಾಕಿದೆ ಕಣೇ!”

...

“ಅಳಬೇಡ. ಅಳಬೇಕಾದೋಳು ನಾನು... ಹಾಲ್ ಬೇಕಾ? ತಗೋ. ಈ ಹೆಂಗಸರು ನಿನ್ನ ಹತ್ರಾನೇ ಬರ್ತೀವಿ ಅಂದ್ರೆ ಬರ್ಲಿ. ನನಗೆ ಒಂದೇ ಒಂದು ಹೇಳು. ಮಂಡಿ ನೋವಿನ ವಿಷಯ ನಾನು ಡಾಕ್ಟರ್ ಹತ್ರಾನೂ ಬಾಯಿ ಬಿಟ್ಟಿಲ್ಲ. ಎಲ್ಲರ ಮುಂದೆ ಹಲ್ಲು ಕಚ್ಚಿ ಕುಣಿದು, ನಿನ್ನ ಮುಂದೆ ಮಾತ್ರ ಕುಂಟ್ತಿದ್ದೆ. ಅದನ್ನ ಅವನಿಗೆ ಹೇಳಿದ್ದು ನೀನಲ್ಲ ಅನ್ನು... ಸುಳ್ಳಾದ್ರೂ ಅನ್ನು ಪುಟ್ಟೀ, ನಂಬ್ತೀನಿ...”

...

“ಹೇಳೇ... ಇದೀಯಾ?... ಹಲೋ?... ಹಲೋ—”